ಎಡಗಡೆಯವನು

ಜೂನ್ ೩, ಸೋಮವಾರ

ಆರನೇ ಸಂಪುಟ ಮುಗಿಯಿತು. ಮುನ್ನೂರ ಹನ್ನೆರಡು ಪುಟ, ನೂರ ಒಂಬತ್ತು ತಪ್ಪು. ಅರ್ಧಕ್ಕರ್ಧ ಒತ್ತಕ್ಷರದ್ದೇ. ತಿದ್ದಿದ ಕರಡು ಕೊಟ್ಟಾಗ ಡಿಟಿಪಿಯವರು, "ಭೂತಗನ್ನಡಿ ಮೇಡಂ, ನನ್ನ ಮೇಲೆ ಏನಾದ್ರೂ ಹಳೇ ದ್ವೇಷ ಇದ್ಯಾ?" ಎಂದರು. ಆಫೀಸಿನಲ್ಲಿ ನನಗೆ ಅದೇ ಹೆಸರು. ಇಪ್ಪತ್ತಾರು ವರ್ಷ ಕರಡು ತಿದ್ದಿದ್ದಕ್ಕೆ ಸಿಕ್ಕಿದ ಬಿರುದು.

ಲೇಖಕರಿಗೆ ಅಕ್ಟೋಬರಿನಲ್ಲಿ ಎಂಬತ್ತು ತುಂಬುತ್ತದೆ. ಅಷ್ಟರೊಳಗೆ ಎಂಟೂ ಸಂಪುಟ ಹೊರಬರಬೇಕೆಂದು ಪ್ರೆಸ್ಸಿನ ಯಜಮಾನರ ಹಟ. ಐದು ಪ್ರವಾಸದ್ದು, ಮೂರು ಮನಸ್ಸಿನದ್ದು. ಯಾರೂ ಹೋಗದ ಕಡೆ ಹೋದರು, ಯಾರೂ ನಂಬದ ಮನಸ್ಸುಗಳ ಬಗ್ಗೆ ಬರೆದರು. ವರ್ಷಕ್ಕೆ ಎರಡೇ ಸಲ ಟಪಾಲು ದೋಣಿ ಬರುವ ದ್ವೀಪ. ತನ್ನ ಮನೆಯನ್ನು ಯಾರೋ ಹೊತ್ತೊಯ್ದು ಅದೇ ಜಾಗದಲ್ಲಿ ಥೇಟ್ ಅಂಥದ್ದೇ ಇನ್ನೊಂದನ್ನು ಇಟ್ಟಿದ್ದಾರೆ ಎಂದು ದಿನವೂ ಪೊಲೀಸರಿಗೆ ದೂರು ಕೊಡುತ್ತಿದ್ದ ಗುಮಾಸ್ತ. ವಾರದ ಒಂದೊಂದು ದಿನಕ್ಕೂ ಒಂದೊಂದು ವಾಸನೆ ಮೂಗಿಗೆ ಬರುತ್ತಿದ್ದ ಹೆಂಗಸು — ಗುರುವಾರವೆಂದರೆ ಅವಳಿಗೆ ಒದ್ದೆ ಉಣ್ಣೆ. ತಪ್ಪು ಹುಡುಕಲು ಕೂತವಳು ಸುಮ್ಮನೆ ಓದುತ್ತಾ ಕೂತುಬಿಡುತ್ತೇನೆ.

ಇನ್ನೊಂದು ಹೆಮ್ಮೆಯೂ ಇದೆ. ಮೂರನೇ ಸಂಪುಟದ ಹಿಮದ ಪ್ರವಾಸಕ್ಕೆ ವೈರ್‌ಲೆಸ್ ಆಪರೇಟರ್ ಆಗಿ ಹೋದವನು ನಮ್ಮಣ್ಣ. ಮೂವತ್ತೇಳು ವರ್ಷದ ಹಿಂದೆ. ಪುಸ್ತಕದಲ್ಲಿ ಅವನಿಗೆ ಎರಡೇ ಸಾಲು. ಮಿತಭಾಷಿ, ಕೆಲಸದಲ್ಲಿ ಅಚ್ಚುಕಟ್ಟು. ಅಣ್ಣ ಮಾತ್ರ ಆ ಪುಸ್ತಕವನ್ನು ಮನೆಗೆ ಸೇರಿಸಿಲ್ಲ. ಅದರ ಮಾತೆತ್ತಿದರೆ ಎದ್ದು ಹೋಗುತ್ತಾನೆ.

ಜೂನ್ ೬, ಗುರುವಾರ, ಬೆಳಿಗ್ಗೆ

ಅಣ್ಣ ಎರಡು ಕಪ್ ಟೀ ಮಾಡಿಕೊಂಡ. ಒಂದು ತನಗೆ, ಒಂದು ಎಡಗಡೆಯ ಕುರ್ಚಿಯ ಮುಂದೆ. ನನ್ನ ಕಪ್ಪು ಬೇರೆ. ಅರ್ಧ ಗಂಟೆ ಬಿಟ್ಟು ಆ ಆರಿದ ಟೀಯನ್ನು ತಾನೇ ಕುಡಿಯುತ್ತಾನೆ. ಚೆಲ್ಲುವುದಿಲ್ಲ.

ಅತ್ತಿಗೆ ಬಿಟ್ಟು ಹೋಗಿ ಇಪ್ಪತ್ತು ವರ್ಷ. ಅವಳಿಗೇ ಇಡುತ್ತಾನೆ ಎಂದುಕೊಂಡಿದ್ದೇನೆ. ಕೇಳಿಲ್ಲ. ಕೇಳಿದರೆ ಆರಿದ ಗಾಯ ಕೆರೆದ ಹಾಗೆ. ರಸ್ತೆಯಲ್ಲಿ ನಡೆಯುವಾಗಲೂ ಎಡಕ್ಕೆ ಒಬ್ಬರ ಜಾಗ ಬಿಡುತ್ತಾನೆ. ಒಳಗೆ ಬಂದ ಮೇಲೆ ಬಾಗಿಲನ್ನು ಎರಡು ಉಸಿರಿನಷ್ಟು ಹೊತ್ತು ಹಿಡಿದಿರುತ್ತಾನೆ. ಕೆಳಗಿನ ಮನೆಯವರು ಅವನನ್ನು ಕರೆಯುವುದೇ 'ಜೋಡಿ ಕಪ್ಪು' ಎಂದು. ಬೇರೆಲ್ಲದರಲ್ಲೂ ನೆಟ್ಟಗಿದ್ದಾನೆ. ಇಡೀ ಬೀದಿಯ ರೇಡಿಯೋ, ಮಿಕ್ಸಿ ಅವನ ಕೈಯಲ್ಲೇ ರಿಪೇರಿ.

ಜೂನ್ ೧೨, ಬುಧವಾರ

ಎಂಟನೇ ಸಂಪುಟಕ್ಕೆ ಲೇಖಕರು ಹೊಸ ಅಧ್ಯಾಯ ಕಳಿಸಿದ್ದಾರೆ. ಕೈಬರಹ, ಎಂಟು ಪುಟ. ಅತಿಯಾದ ಚಳಿ, ದಣಿವು, ಏಕಾಂತದಲ್ಲಿ ಪಕ್ಕದಲ್ಲಿ ಯಾರೋ ಇದ್ದಾರೆ ಎನಿಸುವ ಬಗ್ಗೆ. ಸುರಕ್ಷಿತ ಜಾಗ ಸೇರಿದ ಮೇಲೆ ಆ 'ಯಾರೋ' ಹೋಗಿಬಿಡುತ್ತಾರಂತೆ. "ಒಬ್ಬನ ವಿಷಯದಲ್ಲಿ ಮಾತ್ರ ಹೋಗಲಿಲ್ಲ" ಎಂದು ಮೂರನೇ ಪುಟದಲ್ಲಿ ಶುರು.

ಆ ವ್ಯಕ್ತಿ ಎರಡು ಕಪ್ ಟೀ ಮಾಡುತ್ತಾನೆ. ರಸ್ತೆಯಲ್ಲಿ ಎಡಕ್ಕೆ ಜಾಗ ಬಿಡುತ್ತಾನೆ. ಬಾಗಿಲು ಹಿಡಿದು ನಿಲ್ಲುತ್ತಾನೆ.

ಐದನೇ ಪುಟ: "ಇವನ ತಂಗಿಗೆ ಏನೂ ತಿಳಿಯದು."

ಕೆಂಪು ಪೆನ್ನಿನ ಮುಚ್ಚಳ ಹಾಕಿದೆ. ನೀರು ಕುಡಿದೆ. ಮತ್ತೆ ಓದಿದೆ. ಕಾಗುಣಿತದ ತಪ್ಪು ಒಂದೂ ಇಲ್ಲ.

ಜೂನ್ ೧೭, ಸೋಮವಾರ

ಮುಖಪುಟ ನೋಡಲು ಲೇಖಕರು ಪ್ರೆಸ್ಸಿಗೆ ಬಂದಿದ್ದರು. ಯಜಮಾನರು ಫೋನ್ ಹಿಡಿದು ಆಚೆ ಹೋದಾಗ ಆ ಎಂಟು ಪುಟ ಅವರ ಮುಂದಿಟ್ಟೆ.

"ಸರ್, ಇವನು ನಮ್ಮಣ್ಣ."

ತಲೆ ಎತ್ತಿ ನನ್ನ ಮುಖ ನೋಡಿದರು. "ಪುಟ್ಟಿ ಅಂದ್ರೆ ನೀನೇನಮ್ಮ?"

ಅಣ್ಣ ಬಿಟ್ಟರೆ ಆ ಹೆಸರು ಕರೆಯುವವರು ಯಾರೂ ಉಳಿದಿಲ್ಲ.

"ಹೆಸರು ಹಾಕಿಲ್ವಲ್ಲ. ಊರೂ ಹಾಕಿಲ್ಲ. ಯಾರಿಗೂ ಗೊತ್ತಾಗಲ್ಲ."

"ನನಗೆ ಗೊತ್ತಾಯ್ತಲ್ಲ ಸರ್. ನಿಮಗೆ ಹ್ಯಾಗೆ ಗೊತ್ತಾಯ್ತು?"

ಕಾಗದ ಬರೆಯುತ್ತಿದ್ದನಂತೆ. ಹೆಚ್ಚುಕಮ್ಮಿ ವರ್ಷಕ್ಕೊಂದು, ಕೆಲವು ವರ್ಷ ಒಂದೂ ಇಲ್ಲ. ಒಟ್ಟು ಮೂವತ್ತೊಂದು. ಇವರು ಉತ್ತರ ಬರೆದದ್ದು ಎಷ್ಟಕ್ಕೆ ಎಂದು ಕೇಳಿದೆ. ಕನ್ನಡಕ ತೆಗೆದು ಒರೆಸಿದರು. "ಎರಡಕ್ಕೆ."

ನಾಳೆ ಕಾಗದ ಕಳಿಸುತ್ತೇನೆ ಎಂದರು. ಅಣ್ಣ ಬೇಡ ಎಂದರೆ ಅಧ್ಯಾಯ ತೆಗೆಯುತ್ತೇನೆ ಎಂದೂ ಹೇಳಿದರು. ಒಳ್ಳೆಯ ಮನುಷ್ಯರೇ. ಅದೇ ಕಷ್ಟ. ಕೆಟ್ಟವರಾಗಿದ್ದರೆ ಬಯ್ದು ಬರಬಹುದಿತ್ತು.

ಜೂನ್ ೧೯, ಬುಧವಾರ

ರಜೆ ಹಾಕಿ, ಲೈಬ್ರರಿಯಲ್ಲಿ ಕೂತು ಮೂವತ್ತೊಂದೂ ಓದಿದೆ. ಅಣ್ಣನ ಅಕ್ಷರ ಸಾಲಾಗಿ ನಿಂತ ಇರುವೆಗಳ ಹಾಗೆ. ಒಂದೇ ಮನೆಯಲ್ಲಿ ಇಪ್ಪತ್ತು ವರ್ಷದಿಂದ ಇದ್ದೇವೆ. ನನ್ನ ಜೊತೆ ದಿನಕ್ಕೆ ಹತ್ತು ಮಾತು. ಇಲ್ಲಿ ಪುಟಗಟ್ಟಲೆ.

ಅವರು ಹೋಗಿದ್ದು ಮೂವರು. ಲೇಖಕರು, ಅಣ್ಣ, ಗೈಡ್. ಗೈಡ್ ಆ ಕಡೆಯವನೇ. ಮೂರನೇ ಸಂಪುಟದಲ್ಲಿ ಅವನಿಗೆ ಹೆಸರಿಲ್ಲ, ಬರೀ 'ನಮ್ಮ ಮಾರ್ಗದರ್ಶಿ'. ಮೂವತ್ತೆರಡನೇ ದಿನ ಅವನಿಗೆ ಎದೆಯಲ್ಲಿ ನೀರು ಕಟ್ಟಿತು. ಸಹಾಯ ಕೇಳಲು ವೈರ್‌ಲೆಸ್ ತೆಗೆದರೆ ಬ್ಯಾಟರಿ ಸತ್ತಿತ್ತು. ಅವನನ್ನು ಟೆಂಟಿನಲ್ಲಿ ಬಿಟ್ಟು, ಸ್ಟವ್, ಎಣ್ಣೆ, ಊಟ ಇಟ್ಟು ಇವರಿಬ್ಬರೂ ಹವಾಮಾನ ಕೇಂದ್ರಕ್ಕೆ ನಡೆದರು. ಲೇಖಕರ ತೀರ್ಮಾನ. ನಾನು ಉಳೀತೀನಿ ಎಂದನಂತೆ ಅಣ್ಣ. ಒಬ್ಬನೇ ನಡೆದರೆ ಒಬ್ಬನೂ ತಲುಪುವುದಿಲ್ಲ ಎಂದರು. ಆರು ದಿನ ನಡೆದರು. ಎರಡನೇ ದಿನದಿಂದ ಅಣ್ಣನ ಎಡಗಡೆ ಇನ್ನೊಬ್ಬ ನಡೆಯುತ್ತಿದ್ದ. ನೆರವಿನವರು ವಾಪಸು ಹೋಗಿ ನೋಡುವಷ್ಟರಲ್ಲಿ ಗೈಡ್ ತೀರಿಹೋಗಿದ್ದ.

ಇಷ್ಟೇ ಆಗಿದ್ದರೆ ಅಣ್ಣ ನನಗೂ ಹೇಳಿರುತ್ತಿದ್ದನೇನೋ.

ಏಳನೇ ಕಾಗದ. ಅದನ್ನು ಇಲ್ಲಿ ಬರೆದಿಡುತ್ತೇನೆ, ಇಲ್ಲವಾದರೆ ನಾನೇ ನಂಬುವುದಿಲ್ಲ: "ವೈರ್‌ಲೆಸ್ಸನ್ನು ಜಾಗ ತಿಳಿಸಲು, ಅಪಾಯಕ್ಕೆ ಮಾತ್ರ ಬಳಸಬೇಕೆಂಬುದು ನಿಮ್ಮ ಕಟ್ಟುನಿಟ್ಟು. ಮೂವತ್ತನೇ ದಿನ ನೀವು ಮಲಗಿದ್ದಾಗ ಹನ್ನೊಂದು ನಿಮಿಷ ಬಳಸಿದೆ. ಆ ದಿನ ನಮ್ಮ ಪುಟ್ಟಿಯ ಹುಟ್ಟಿದ ದಿನ. ಕೇಂದ್ರದ ಆಪರೇಟರಿಗೆ ಕೇಳುತ್ತಿರಲಿಲ್ಲ, ಮತ್ತೆ ಮತ್ತೆ ಕಳಿಸಿದೆ. ಇದು ಅವಳಿಗೆ ಎಂದೂ ತಿಳಿಯಬಾರದು."

ನನಗೆ ಹದಿಮೂರು ತುಂಬಿದ ದಿನ. ತಂತಿ ಕಚೇರಿಯಿಂದ ಚೀಟಿ ಬಂತು. 'ಪುಟ್ಟಿ, ದೊಡ್ಡವಳಾದೆ. ಇಲ್ಲಿ ತುಂಬ ಬೆಳಕು. ಅಣ್ಣ.' ಹಿಮದ ನಡುವಿನಿಂದ ನನ್ನ ಹೆಸರು ಗಾಳಿಯಲ್ಲಿ ಬಂದಿದೆ ಎಂದು ಬೀದಿಯೆಲ್ಲ ಓಡಾಡಿ ತೋರಿಸಿದ್ದೆ. ಶಾಲೆಗೂ ಒಯ್ದಿದ್ದೆ. ಲ್ಯಾಮಿನೇಟ್ ಬೇರೆ ಮಾಡಿಸಿದೆ, ಕೆಲಸಕ್ಕೆ ಸೇರಿದ ವರ್ಷ.

ಹನ್ನೊಂದು ನಿಮಿಷ.

ಜೂನ್ ೩೦, ಭಾನುವಾರ

ಹನ್ನೊಂದು ದಿನ ಏನೂ ಬರೆಯಲಿಲ್ಲ. ಅಣ್ಣನ ಮುಖ ನೋಡುವುದೇ ಕಷ್ಟವಾಗಿತ್ತು. ಇವತ್ತು ಹೇಳಿದೆ. ಅವನು ಯಾರದೋ ಟೇಬಲ್ ಫ್ಯಾನ್ ಬಿಚ್ಚಿಟ್ಟುಕೊಂಡು ಕೂತಿದ್ದ.

"ಅಣ್ಣ, ಕಾಗದ ಎಲ್ಲಾ ಓದಿದೆ. ಏಳನೇದೂ."

ಸ್ಕ್ರೂಡ್ರೈವರ್ ಕೆಳಗಿಟ್ಟ. ಎಡಗಡೆ ತಿರುಗಿ ಒಮ್ಮೆ ನೋಡಿದ, ಸಲಹೆ ಕೇಳುವವನ ಹಾಗೆ. ಆಮೇಲೆ ನನ್ನ ಕಡೆ.

"ಅವ್ರು ಕೊಡಬಾರದಿತ್ತು."

"ನೀನು ಹೇಳ್ಬೇಕಿತ್ತು."

"ಏನಂತ ಹೇಳ್ಲಿ? ನಿನ್ನ ಹುಟ್ಟುಹಬ್ಬಕ್ಕೆ ಒಬ್ಬ ಸತ್ತ ಅಂತಲಾ?"

ಆ ಚಳಿಗೆ ಬ್ಯಾಟರಿ ಉಳಿಯುವುದಿಲ್ಲ ಅಂತ ಮೂರನೇ ಸಂಪುಟದಲ್ಲಿ ಲೇಖಕರೇ ಬರೆದಿದ್ದಾರೆ, ಅದು ಹೇಗೂ ಸಾಯುತ್ತಿತ್ತು ಎಂದೆ.

"ಇರಬಹುದು. ಆದ್ರೆ ಗುಂಡಿ ಒತ್ತಿದ ಕೈ ನಂದು." ಕೈ ಎತ್ತಿ ತಾನೇ ನೋಡಿಕೊಂಡ. "ನೀನು ಅಳಬೇಡ. ನಿನಗೆ ಗೊತ್ತಾಗಿಬಿಟ್ರೆ ಆ ಚೀಟಿ ಹರಿದು ಹಾಕ್ತೀಯ ಅಂತ ಭಯ ಇತ್ತು, ಅಷ್ಟೇ."

ಹರಿದಿಲ್ಲ. ಹರಿಯುವ ಹಾಗೂ ಇಲ್ಲ, ಲ್ಯಾಮಿನೇಟ್ ಮಾಡಿಸಿದ್ದೇನಲ್ಲ ಎಂದೆ. ನಗು ಬಂತು ಇಬ್ಬರಿಗೂ. ಅಳುವಿನ ಮಧ್ಯೆಯೇ.

ಅತ್ತಿಗೆ ಯಾಕೆ ಹೋದಳು ಎಂದೂ ಕೇಳಿದೆ. "ಅವಳಿಗೆ ಹೇಳಿದ್ದೆ. ಮೂರು ಜನರ ಸಂಸಾರ ನನ್ನ ಕೈಲಾಗಲ್ಲ ಅಂದ್ಳು. ನ್ಯಾಯವೇ."

ಅಧ್ಯಾಯದ ವಿಷಯವನ್ನೂ ಹೇಳಿದೆ. ಅದರ ಬಗ್ಗೆ ಅವನು ಕೇಳಿದ್ದು ಒಂದೇ. "ಅವ್ರನ್ನ ಒಂದ್ಸಲ ಇಲ್ಲಿಗೆ ಕರೀತೀಯಾ?"

ಜುಲೈ ೭, ಭಾನುವಾರ, ಸಂಜೆ

ಲೇಖಕರು ಬಂದು ಹೋದರು. ಮೂರು ಅಂತಸ್ತು ಹತ್ತಲು ಕಾಲು ಗಂಟೆ. ಕೈ ಕೊಡಲು ಹೋದರೆ, "ಬೇಡಮ್ಮ, ಇದಕ್ಕಿಂತ ದೊಡ್ಡದು ಹತ್ತಿದೀನಿ" ಎಂದರು. ಹತ್ತಿದ ಮೇಲೆ ಐದು ನಿಮಿಷ ಬರೀ ಏದುಸಿರು.

ಅಣ್ಣ ಇಸ್ತ್ರಿ ಮಾಡಿದ ಅಂಗಿ ಹಾಕಿಕೊಂಡಿದ್ದ. ಮೂವತ್ತೇಳು ವರ್ಷದ ಮೇಲೆ ನೋಡುತ್ತಿದ್ದಾರೆ. ಕೈಕುಲುಕಲಿಲ್ಲ, ಅಪ್ಪಿಕೊಳ್ಳಲೂ ಇಲ್ಲ. "ಕೂದಲು ಹೋಯ್ತಲ್ಲೋ" ಎಂದರು ಇವರು. "ನಿಮ್ಮದು ಇದೆಯಲ್ಲ ಸರ್, ಸಾಕು" ಎಂದ ಅವನು.

ಎಡಗಡೆಯ ಕುರ್ಚಿ ಎಳೆದುಕೊಳ್ಳಲು ಹೋದರು.

"ಅಲ್ಲಿ ಬೇಡ ಸರ್. ಈ ಕಡೆ ಬನ್ನಿ."

ಅವರಿಗೆ ತಿಳಿಯಿತು. ಎಂಟು ಪುಟ ಬರೆದವರಲ್ಲವೇ. ಆದರೂ ಕುರ್ಚಿಯ ಬೆನ್ನಿನ ಮೇಲಿಂದ ಕೈ ತೆಗೆಯಲು ಸ್ವಲ್ಪ ಹೊತ್ತು ಹಿಡಿಯಿತು.

ನಾಲ್ಕು ಕಪ್ ಟೀ ತಂದಿಟ್ಟೆ. ನಾನೇ. ನಾಲ್ಕನೆಯದು ಎಡಗಡೆಯ ಕುರ್ಚಿಯ ಮುಂದೆ.

"ಕೇಳದೆ ನಿನ್ನ ಕಾಗದ ಉಪಯೋಗಿಸಿದೆ. ತಪ್ಪಾಯ್ತು. ಅಧ್ಯಾಯ ತೆಗೆದುಬಿಡ್ತೀನಿ."

"ಅದಿರಲಿ ಸರ್. ಒಂದು ಕೇಳ್ತೀನಿ. ನಾವಿಬ್ರೂ ಒಂದೇ ಹಗ್ಗ ಕಟ್ಕೊಂಡು ನಡೆದ್ವಿ. ನಿಮಗೆ ಯಾರೂ ಬರ್ಲಿಲ್ವಾ?"

"ಇಲ್ಲ."

"ಒಂದಿನಾನೂ?"

ಲೇಖಕರು ಕಪ್ಪನ್ನು ತಟ್ಟೆಯ ಮೇಲೆ ತಿರುಗಿಸುತ್ತಾ ಕೂತರು. "ನಿನ್ನ ಮೊದಲ್ನೇ ಕಾಗದ ಬಂದಾಗ ಹೊಟ್ಟೆಕಿಚ್ಚಾಯ್ತು ಕಣೋ. ನಾನೂ ಕಾದೆ. ಬರೆಯೋಕೆ ಸಿಗುತ್ತೆ ಅಂತ ಕಾದೆ ಮೊದ್ಲು. ಆಮೇಲೆ, ಬಯ್ಯೋಕಾದ್ರೂ ಬರ್ಲಿ ಅಂತ. ಬಿಟ್ಟು ಹೋಗೋಣ ಅಂದವನು ನಾನು ತಾನೆ? ನನ್ನ ಹತ್ರ ಯಾರೂ ಬರ್ಲಿಲ್ಲ."

ಅಣ್ಣ ಅವರನ್ನೇ ನೋಡುತ್ತಿದ್ದ. "ಪಾಪ" ಎಂದ. ಕೊಂಕಿರಲಿಲ್ಲ ಅದರಲ್ಲಿ. ರೋಗಿಯನ್ನು ನೋಡಿ ಹೇಳುವ ಹಾಗೆ ಹೇಳಿದ.

ಎಂಟು ಸಂಪುಟ ಬರೆದ ಮನುಷ್ಯರು ಅಂಗೈಯಿಂದ ಕಣ್ಣು ಒತ್ತಿಕೊಂಡರು.

ಅಧ್ಯಾಯ ಇರಲಿ ಎಂದ ಅಣ್ಣ. ಎರಡು ತಿದ್ದುಪಡಿ ಕೇಳಿದ. ಬ್ಯಾಟರಿಯ ವಿಷಯ ಇದ್ದದ್ದು ಇದ್ದ ಹಾಗೆ ಬರೆಯಬೇಕು, ಪುಟ್ಟಿಯ ಮಾತು ಬಿಟ್ಟು. ಗೈಡಿನ ಹೆಸರು ಹಾಕಬೇಕು, ಮೂರನೇ ಸಂಪುಟದಲ್ಲೂ. "ಅಲ್ಲಿ 'ಅವನ ಹಿಂದೆ ಮುಂದೆ ಯಾರೂ ಇರಲಿಲ್ಲ' ಅಂತ ಬರ್ದಿದೀರಿ. ಮಗಳಿದ್ದಳು. ಆರು ವರ್ಷ. ನಮಗೆ ಇಬ್ರಿಗೂ ಅವಳ ಫೋಟೋ ತೋರಿಸಿದ್ದ."

"ಗೊತ್ತು" ಎಂದರು ಲೇಖಕರು. "ಯಾರೂ ಇಲ್ಲ ಅಂತ ಬರೆಯೋದು ಸುಲಭ ಇತ್ತು."

ಅಣ್ಣ ಹೆಸರು ಬರೆದುಕೊಟ್ಟ. ನಾಲ್ಕು ಅಕ್ಷರ. ಬರೆಯುವಾಗ ಎಡಕ್ಕೆ ತಿರುಗಿ ಏನೋ ಕೇಳಿದ, ಒಂದು ದೀರ್ಘ ಸರಿಮಾಡಿದ.

ಜುಲೈ ೧೦, ಬುಧವಾರ

ತಿದ್ದುಪಡಿ ಹಾಕಿದೆ. ಹೆಸರು ಹನ್ನೆರಡು ಕಡೆ ಬರುತ್ತದೆ. ಹನ್ನೆರಡನ್ನೂ ಮೂರು ಮೂರು ಸಲ ನೋಡಿದೆ. ಡಿಟಿಪಿಯವರು ಈ ಸಲ ತಮಾಷೆ ಮಾಡಲಿಲ್ಲ.

ಜುಲೈ ೨೪, ಬುಧವಾರ, ಬೆಳಿಗ್ಗೆ

ಅಣ್ಣ ಒಂದೇ ಕಪ್ ಮಾಡಿಕೊಂಡ.

ಏನಾಯಿತು ಎಂದೆ.

"ಹೋದ."

"ಯಾವಾಗ?"

"ಎದ್ದಾಗ ಇರ್ಲಿಲ್ಲ. ಮೊನ್ನೆಯಿಂದಾನೇ ಒಂಥರಾ ಇದ್ದ, ಬಸ್ಸಿಗೆ ಕಾಯೋರು ಇರ್ತಾರಲ್ಲ, ಹಾಗೆ." ಕಿಟಕಿಯ ಆಚೆ ನೋಡಿದ. "ಹೆಸರು ಕೊಟ್ವಲ್ಲ. ಅದಕ್ಕೇ ಇಷ್ಟು ದಿನ ಇದ್ನೋ ಏನೋ."

"ಒಳ್ಳೇದೇ ಆಯ್ತಲ್ವಾ ಅಣ್ಣ?"

"ಅವನಿಗೆ ಒಳ್ಳೇದು."

ಆಫೀಸಿಗೆ ಹೊರಟೆ. ಮೆಟ್ಟಿಲಿಳಿಯುವಾಗ ಖುಷಿಯಾಗಿತ್ತು ಎಂಬುದನ್ನು ಬರೆದೇ ಬಿಡುತ್ತೇನೆ. ಕೊನೆಗೂ ನಮ್ಮಣ್ಣ ಎಲ್ಲರ ಹಾಗಾದ ಎಂದುಕೊಂಡೆ. ಎಂಥ ಮೂರ್ಖಳು.

ಆಗಸ್ಟ್ ೫, ಸೋಮವಾರ

ಅಣ್ಣ ರಸ್ತೆ ದಾಟಲು ಹೆದರುತ್ತಾನೆ. ಅರವತ್ತನಾಲ್ಕು ವರ್ಷದ ಮನುಷ್ಯ ನನ್ನ ಕೈ ಹಿಡಿಯುತ್ತಾನೆ. ಕುರ್ಚಿಯ ಎಡಗಡೆಗೆ ವಾಲಿ ಕೂರುತ್ತಾನೆ, ಊರಿಕೊಳ್ಳಲು ಏನೋ ಇತ್ತು, ಈಗಿಲ್ಲ ಎನ್ನುವ ಹಾಗೆ. ಊಟ ಅರ್ಧಕ್ಕೆ ಬಿಡುತ್ತಾನೆ. ರಿಪೇರಿಗೆ ಬಂದ ಫ್ಯಾನ್ ಹಾಗೇ ಬಿದ್ದಿದೆ.

"ಪುಟ್ಟಿ, ಮನೆ ಎಷ್ಟು ದೊಡ್ಡದು ಇದು!" ಎಂದ ನಿನ್ನೆ. ಎರಡು ರೂಮಿನ ಮನೆ.

ಲೇಖಕರಿಗೆ ಫೋನ್ ಮಾಡಿದೆ. ಇಂಥದ್ದಕ್ಕೆ ಏನು ಮಾಡಬೇಕು, ನಿಮ್ಮ ಪುಸ್ತಕದಲ್ಲಿ ಎಲ್ಲಾದರೂ ಇದೆಯೇ ಎಂದು ಕೇಳಿದೆ. "ಬರೋರ ಬಗ್ಗೆ ಬರೆದೆನಮ್ಮ. ಬಂದವರು ಹೋದ ಮೇಲಿನದು ನನಗೆ ಗೊತ್ತಿಲ್ಲ" ಎಂದರು.

ಆಗಸ್ಟ್ ೧೪, ಬುಧವಾರ, ಮಧ್ಯಾಹ್ನ

ಆಸ್ಪತ್ರೆ. ಹೃದಯ ದೊಡ್ಡದಾಗಿದೆ, ಬಲ ಇಲ್ಲ ಎಂದರು ಡಾಕ್ಟರು. ವರ್ಷಗಳಿಂದ ಇದ್ದದ್ದೇ ಅಂತೆ. ಹಾಗಾದರೆ ಇಷ್ಟು ದಿನ ಹೇಗೆ ಓಡಾಡುತ್ತಿದ್ದ ಎಂದೆ. ಕೆಲವರು ಹಾಗೆ ಎಂದರು.

ಅಣ್ಣ ಈಗ ಮಾತಾಡುತ್ತಾನೆ. ಮೂವತ್ತೇಳು ವರ್ಷದ್ದೆಲ್ಲ ಸಾಲುಸಾಲಾಗಿ ಬರುತ್ತಿದೆ. ಹಿಮದ ಮೇಲೆ ಬಿಸಿಲು ಬಿದ್ದರೆ ನೀಲಿ ಬಣ್ಣವಂತೆ, ಬಿಳಿಯಲ್ಲ. ಗೈಡ್ ಕೆಟ್ಟದಾಗಿ ಹಾಡುತ್ತಿದ್ದನಂತೆ. ಆಮೇಲೆ ನನ್ನ ಕೈ ಎಳೆದು —

"ನಾನು ಎದ್ದಮೇಲೆ ಅವನೂರಿಗೆ ಹೋಗಣ. ಮಗಳಿಗೆ ಹೇಳ್ಬೇಕು."

"ಏನಂತ?"

"ನಿಮ್ಮಪ್ಪ ಒಬ್ಬನೇ ಇರ್ಲಿಲ್ಲಮ್ಮ ಅಂತ."

ಹೋಗೋಣ ಎಂದೆ. ಡಾಕ್ಟರು ಹೇಳಿದ್ದನ್ನು ಹೇಳಲಿಲ್ಲ.

ಆಗಸ್ಟ್ ೨೧

ಬೆಳಿಗ್ಗೆ ಆರೂ ಮುಕ್ಕಾಲಿಗೆ ಅಣ್ಣ ಹೋದ. ನಾನು ಎಡಗಡೆ ಕೂತಿದ್ದೆ. ಬೇಕೆಂದೇ ಆ ಕಡೆ ಸ್ಟೂಲು ಹಾಕಿಕೊಂಡಿದ್ದೆ.

ಸೆಪ್ಟೆಂಬರ್ ೧೬, ಸೋಮವಾರ

ಪ್ರೆಸ್ಸಿಗೆ ಹೋದೆ. ಎಂಟೂ ಸಂಪುಟ ಅಚ್ಚಾಗಿ ಬಂದಿವೆ. ಯಜಮಾನರು ಒಂದು ಸೆಟ್ ನನ್ನ ಮೇಜಿನ ಮೇಲೆ ಇಟ್ಟು ಹೋದರು. ಮೂರನೇ ಸಂಪುಟ ತೆಗೆದು ನೋಡಿದೆ. 'ಅವನಿಗೆ ಆರು ವರ್ಷದ ಮಗಳಿದ್ದಳು.' ಸರಿಯಾಗಿದೆ.

ಲೇಖಕರು ತಮ್ಮ ಹಳೆಯ ನೋಟ್‌ಬುಕ್ ಹುಡುಕಿ ಗೈಡಿನ ಊರು, ಮನೆತನ ಬರೆದುಕೊಟ್ಟಿದ್ದಾರೆ. ತಾವೂ ಬರುತ್ತೇನೆ ಎಂದರು. ಮನೆಯ ಮೆಟ್ಟಿಲೇ ಇಳಿಯಲಾರರು ಈಗ. ಯಜಮಾನರು ಒಂದು ತಿಂಗಳು ರಜೆ ಕೊಟ್ಟಿದ್ದಾರೆ.

ಅಕ್ಟೋಬರ್ ೧೮, ಶುಕ್ರವಾರ

ಎರಡು ರೈಲು, ಒಂದು ಲಾರಿ, ಒಂದೂವರೆ ದಿನ ದೋಣಿ. ಈ ಜನ್ಮದಲ್ಲಿ ಊರು ಬಿಟ್ಟು ಹೋಗದವಳು. ದೋಣಿಯಲ್ಲಿ ಹೊಟ್ಟೆಯಲ್ಲಿದ್ದದ್ದೆಲ್ಲ ಕಕ್ಕಿದೆ. ಪ್ರವಾಸದ ಐದೂ ಸಂಪುಟದಲ್ಲಿ ಲೇಖಕರು ಒಮ್ಮೆಯೂ ವಾಂತಿ ಮಾಡಿಕೊಂಡಿಲ್ಲ. ಆ ತಪ್ಪು ನನ್ನ ಕಣ್ಣಿಗೆ ಹೇಗೆ ಬೀಳಲಿಲ್ಲವೋ.

ತಗಡಿನ ಮನೆಗಳು, ಕಪ್ಪು ಕಲ್ಲಿನ ದಂಡೆ. ನಾಳೆ ಅವಳ ಮನೆ. ಬಂದರಿನಲ್ಲಿ ವಿಚಾರಿಸಿದೆ. ಬಲೆ ಹೆಣೆಯುವವಳು ಎಂದರೆ ಎಲ್ಲರಿಗೂ ಗೊತ್ತು.

ಅಕ್ಟೋಬರ್ ೧೯, ಶನಿವಾರ

ಅವಳ ಮನೆಯಲ್ಲೇ ಕೂತು ಬರೆಯುತ್ತಿದ್ದೇನೆ. ಹೊರಗೆ ಗಾಳಿ. ದೋಣಿ ಗುರುವಾರದವರೆಗೆ ಇಲ್ಲ, ಇಲ್ಲೇ ಇರಿ ಎಂದಿದ್ದಾಳೆ.

ನಲವತ್ತಮೂರು ವರ್ಷ. ಅಗಲ ಹೆಗಲು, ಬೆರಳ ತುಂಬ ದಾರ ಕೊಯ್ದ ಗೆರೆ. ನನಗೂ ಅವಳಿಗೂ ಬರುವ ಹರಕು ಇಂಗ್ಲಿಷಿನಲ್ಲಿ ಎಲ್ಲ ಹೇಳಿದೆ. ಬ್ಯಾಟರಿ, ಹನ್ನೊಂದು ನಿಮಿಷ, ನನ್ನ ಹುಟ್ಟಿದ ದಿನ. ಅಣ್ಣ ಬಿಡಬೇಕೆಂದಿದ್ದ ಆ ಮಾತನ್ನೂ ಬಿಡಲಿಲ್ಲ. ಹೊರಗೆ ಹೋಗು ಎನ್ನುತ್ತಾಳೆ ಎಂದು ಚೀಲ ಕೈಯಲ್ಲೇ ಹಿಡಿದುಕೊಂಡಿದ್ದೆ. ಅವಳು ಬಲೆ ಹೆಣೆಯುವುದನ್ನು ನಿಲ್ಲಿಸಲಿಲ್ಲ. ಬಲೆಯ ಒಂದು ಕಣ್ಣು ತಪ್ಪಿತು. ಬಿಚ್ಚಿ ಮತ್ತೆ ಹಾಕಿದಳು.

ಆಮೇಲೆ ಎಡಗಡೆಯ ವಿಷಯ ಹೇಳಿದೆ. ಆಗ ಕೈ ನಿಂತಿತು.

"ಅಂದ್ರೆ, ನಮ್ಮಪ್ಪ ಇಷ್ಟು ವರ್ಷ ನಿಮ್ಮನೇಲಿ ಇದ್ರಾ?"

ಏನು ಹೇಳಲಿ? ಅದು ದಣಿದ ಮೆದುಳಿನ ಆಟ, ಎಂಟನೇ ಸಂಪುಟದಲ್ಲಿ ವಿವರ ಇದೆ ಎನ್ನಲೇ? ಪುಸ್ತಕ ಚೀಲದಲ್ಲೇ ಇತ್ತು.

"ಹೂಂ" ಎಂದೆ.

"ಬೆಚ್ಚಗಿತ್ತಾ ಮನೆ?"

"ಬೆಚ್ಚಗಿತ್ತು. ಬೆಳಿಗ್ಗೆ ಬಿಸಿಲು ಬೀಳತ್ತೆ."

"ಚಳಿಗಾಲದಲ್ಲಿ ಅವರಿಗೆ ಕೆಮ್ಮು. ನಾನು ಚಿಕ್ಕವಳಿದ್ದಾಗ ಆ ಕೆಮ್ಮು ಕೇಳ್ಕೊಂಡೇ ನಿದ್ದೆ ಮಾಡ್ತಿದ್ದೆ. ಅಲ್ಲೂ ಇತ್ತಾ?"

ಇಪ್ಪತ್ತಾರು ವರ್ಷ ಒಂದು ಅಲ್ಪವಿರಾಮವನ್ನೂ ಆಧಾರವಿಲ್ಲದೆ ಬಿಟ್ಟವಳಲ್ಲ ನಾನು.

"ಮೊದಮೊದಲು ಇತ್ತು. ಆಮೇಲೆ ವಾಸಿಯಾಯ್ತು. ನಮ್ಮಣ್ಣ ಚೆನ್ನಾಗಿ ನೋಡ್ಕೊಂಡ."

ಅವಳು ಎದ್ದು ಒಲೆಯ ಕಡೆ ತಿರುಗಿ ನಿಂತಳು. ಬೆನ್ನು ಮಾತ್ರ ಕಾಣುತ್ತಿತ್ತು. ಆ ಕಡೆ ಮುಖ ಮಾಡಿಕೊಂಡೇ, "ಇನ್ನೂ ಹೇಳಿ" ಎಂದಳು. "ಮೊದಲಿಂದ ಹೇಳಿ, ನಿಮ್ಮನೆಗೆ ಬಂದ ದಿನದಿಂದ." ಚೀಲ ಕೆಳಗಿಟ್ಟೆ. ಅಣ್ಣ ಹೇಳಿದ್ದೆಷ್ಟು, ಕಾಗದದಲ್ಲಿದ್ದದ್ದೆಷ್ಟು, ನಾನೇ ಸೇರಿಸಿದ್ದೆಷ್ಟು ಎಂದು ಇನ್ನು ವಿಂಗಡಿಸುವುದಿಲ್ಲ. ಶುರು ಮಾಡಿದೆ — ಅವರು ಬಂದ ದಿನ ನಮ್ಮ ಬೀದಿಯಲ್ಲಿ ತುಂಬ ಬೆಳಕಿತ್ತು, ಅಣ್ಣ ಬಾಗಿಲು ತೆಗೆದು ಹಿಡಿದುಕೊಂಡ, ಅವರು ಒಳಗೆ ಬರುವವರೆಗೂ.